ಜಾಬೆಜನ ಬಲ ಮೊಣಕಾಲು

ಶನಿವಾರ ಬೆಳಗಾದರೆ ಏಡಾಳಿಗೆ ಮೊದಲ ಕೆಲಸ ಗಂಡನ ಕಾಲು ಕಟ್ಟುವುದು. ಒಲೆಗೆ ಕಲ್ಲಿದ್ದಲು ಹಾಕುವುದು, ಚಹಾ ಕಾಯಿಸುವುದು, ಮಾವನಿಗೆ ಗಂಜಿ ಮಾಡುವುದು ಎಲ್ಲ ಆಮೇಲೆ. ಜಾಬೆಜ್ ಮಂಚದ ಅಂಚಿಗೆ ಕೂತು ಬಲಗಾಲು ಚಾಚುತ್ತಿದ್ದ. ಅವಳು ಕೋಣೆಯ ಬಾಗಿಲು ಹಾಕಿಕೊಂಡು, ಹಳೆಯ ಫ್ಲಾನೆಲ್ ಬಟ್ಟೆಯ ಪಟ್ಟಿಯನ್ನು ಅವನ ಮೊಣಕಾಲಿನ ಸುತ್ತ ಎಳೆದೆಳೆದು ಸುತ್ತುತ್ತಿದ್ದಳು.

"ಇನ್ನೂ ಬಿಗಿ."

"ಇನ್ನು ಬಿಗಿದ್ರೆ ರಕ್ತ ನಿಂತು ಕಾಲು ನೀಲಿ ಆಗುತ್ತೆ."

"ಆಗ್ಲಿ ಬಿಡು. ನಮ್ಮ ತಂಡದ ಬಣ್ಣಾನೂ ಅದೇ ಅಲ್ವಾ."

ತಮಾಷೆ ಮಾಡುತ್ತಿದ್ದನೇ ಹೊರತು ಅವನ ಮುಖದಲ್ಲಿ ನಗು ಇರುತ್ತಿರಲಿಲ್ಲ. ಥಾರ್ನ್‌ಡೆನ್ ರೋವರ್ಸ್ ಫುಟ್‌ಬಾಲ್ ತಂಡಕ್ಕೆ ಆಡಲು ಹಿಡಿದು ಆರು ಚಳಿಗಾಲ ಕಳೆದಿದ್ದವು. ನೇಯ್ಗೆ ಗಿರಣಿಯವರ ಮನೆಯ ಹುಡುಗ ಚೆಂಡು ಒದ್ದು ಸಂಬಳ ತರುತ್ತಾನೆ ಎಂದು ಬೀದಿಗೆ ಬೀದಿಯೇ ಹೊಟ್ಟೆ ಉರಿದುಕೊಂಡಿದ್ದ ಕಾಲವೂ ಒಂದಿತ್ತು. ಈ ಸಲ ಕ್ರಿಸ್ಮಸ್ ದಿನದ ಆಟದಲ್ಲಿ, ಹೆಪ್ಪುಗಟ್ಟಿದ ನೆಲದ ಮೇಲೆ, ಎದುರಾಳಿಯೊಬ್ಬ ಬಂದು ಗುದ್ದಿದ ಏಟಿಗೆ ಮೊಣಕಾಲು ತಿರುಚಿಕೊಂಡಿತು. ನೇರ ಓಡಿದರೆ ತಾಳಿಕೊಳ್ಳುತ್ತಿತ್ತು. ಪೂರ್ತಿ ಮಡಚಿದರೆ ಮಾತ್ರ ಒಳಗೆ ಏನೋ ಸಿಕ್ಕಿಹಾಕಿಕೊಂಡು, ಬಾಗಿಲ ಸಂದಿಗೆ ಕಲ್ಲು ಸಿಕ್ಕಿದ ಹಾಗೆ, ಆ ಕಡೆಗೂ ಇಲ್ಲ ಈ ಕಡೆಗೂ ಇಲ್ಲ. ಆಗ ಅವನು ಅಂಗಿಯ ಕೊರಳಪಟ್ಟಿ ಕಚ್ಚಿಕೊಂಡು, ಎರಡು ಕೈಯಲ್ಲಿ ಕಾಲು ಹಿಡಿದು ತಿರುವಿ ಬಿಡಿಸಿಕೊಳ್ಳಬೇಕಾಗುತ್ತಿತ್ತು.

ಇದು ಕ್ಲಬ್ಬಿಗೆ ತಿಳಿಯಬಾರದಿತ್ತು. ಏಪ್ರಿಲ್ ಮುಗಿಯುವ ಹೊತ್ತಿಗೆ ಕ್ಲಬ್ಬಿನ ಧಣಿಗಳು ಕೂತು ಮುಂದಿನ ವರ್ಷಕ್ಕೆ ಯಾರು ಬೇಕು, ಯಾರು ಬೇಡ ಎಂದು ತೀರ್ಮಾನಿಸುತ್ತಿದ್ದರು. ಬೇಡವಾದವನಿಗೆ ಸಂಬಳ ಹೋಗುತ್ತದೆ, ಸಂಬಳದ ಜೊತೆಗೆ ಮನೆಯೂ ಹೋಗುತ್ತದೆ, ಯಾಕೆಂದರೆ ಮನೆ ಕ್ಲಬ್ಬಿನದು. ಹಿಂದೆ ಇದೇ ಮನೆಯಲ್ಲಿ ಇದ್ದವನು ಈಗ ಮೈದಾನದ ಬಾಗಿಲಲ್ಲಿ ಬಿಸಿ ಬಟಾಣಿ ಮಾರುತ್ತಾನೆ. ಏಡಾ ಅವನನ್ನು ಕಂಡಾಗಲೆಲ್ಲ ಬೇರೆ ಕಡೆ ನೋಡುತ್ತಾಳೆ. ಆಟ ಬಿಟ್ಟವನು ಗಣಿಗಾದರೂ ಇಳಿದಾನು, ಕಾಲು ಕಳೆದುಕೊಂಡವನು ಎಲ್ಲಿಗೆ ಇಳಿಯಬೇಕು?

ಸಂಗತಿ ಗೊತ್ತಿದ್ದದ್ದು ಏಡಾಳಿಗೆ, ಮತ್ತೆ ಮಾವ ಏಮಸ್‌ನಿಗೆ. ಮಗ್ಗಗಳ ಗದ್ದಲದಲ್ಲಿ ನಲವತ್ತು ವರ್ಷ ದುಡಿದು ಮುದುಕನ ಕಿವಿ ಹೋಗಿತ್ತು. ಕಣ್ಣು ಹೋಗಿರಲಿಲ್ಲ. ಮೈದಾನದ ಕಟಕಟೆಗೆ ಒರಗಿ ನಿಂತು ಮಗನ ಒಂದೊಂದು ಹೆಜ್ಜೆಯನ್ನೂ ನೋಡುತ್ತಿದ್ದವನು ಅವನು. ಅತ್ತೆ ಕೆಜಾಯಾಳಿಗೆ ಯಾರೂ ಹೇಳಿರಲಿಲ್ಲ. ಅವಳಿಗೆ ಆಟವೆಂದರೆ ಬೆಟ್ಟು ಕಟ್ಟುವವರ, ಬಿಯರ್ ಕುಡಿಯುವವರ ಸಂತೆ. ಅವಳದೇನಿದ್ದರೂ ಚಾಪೆಲ್ಲೆಂಬ ಪುಟ್ಟ ಚರ್ಚು, ಭಾನುವಾರದ ಆರಾಧನೆ, ಬುಧವಾರ ಸಂಜೆಯ ಪ್ರಾರ್ಥನಾ ಸಭೆ, ಮನೆಯಲ್ಲಿ ದಿನಾ ರಾತ್ರಿ ಊಟದ ನಂತರ ಕುರ್ಚಿಗಳನ್ನು ಹಿಂದಕ್ಕೆ ತಿರುಗಿಸಿ ಎಲ್ಲರೂ ಮೊಣಕಾಲೂರಿ ಮಾಡುವ ಪ್ರಾರ್ಥನೆ.

ಅಲ್ಲೇ ಸಿಕ್ಕಿಬಿದ್ದದ್ದು. ಮಾರ್ಚಿನ ಒಂದು ಸಂಜೆ ಈರುಳ್ಳಿ ಹಾಕಿದ ಮಾಂಸದ ಸಾರು, ಬ್ರೆಡ್ಡು ಊಟ ಮಾಡಿ ಜಾಬೆಜ್ ಎಂದಿನಂತೆ ಟೋಪಿಗೆ ಕೈ ಹಾಕಿದ. ಕೆಜಾಯಾ ಬಾಗಿಲಿಗೆ ಅಡ್ಡ ನಿಂತಳು.

"ಎಲ್ಲಿಗೆ?"

"ಸುಮ್ನೆ ಒಂದು ಸುತ್ತು ಹೋಗ್ಬರ್ತೀನಮ್ಮ."

"ಕ್ರಿಸ್ಮಸ್‌ನಿಂದ ನೋಡ್ತಾ ಇದೀನಿ. ಪ್ರಾರ್ಥನೆ ಹೊತ್ತಿಗೆ ಸರಿಯಾಗಿ ನಿಂಗೆ ಸುತ್ತು ನೆನಪಾಗುತ್ತೆ. ಪೇಪರ್ನಲ್ಲಿ ಹೆಸರು ಬಂತು ಅಂತ ದೇವರ ಮುಂದೆ ಬಗ್ಗದಷ್ಟು ದೊಡ್ಡ ಮನುಷ್ಯ ಆಗ್ಬಿಟ್ಯಾ?"

"ಅಮ್ಮ, ದಾರಿ ಬಿಡು."

"ಬಗ್ಗು. ಆಮೇಲೆ ಹೋಗು."

"ಬಗ್ಗೋಕೆ ಆಗಲ್ಲಮ್ಮ ನಂಗೆ!" ಎಂದು ಅವನು ಕೂಗಿಬಿಟ್ಟ. "ಕಾಲು ಮಡಚೋಕೆ ಆಗಲ್ಲ! ಸಾಕಾ?"

ಮುದುಕಿ ಬಾಗಿಲು ಬಿಟ್ಟು ಬಂದು ಕೂತಳು. ಬಹಳ ಹೊತ್ತು ಮಗನ ಕಾಲನ್ನೇ ನೋಡಿದಳು. ಏಡಾ ಎಲ್ಲವನ್ನೂ ಬಿಡಿಸಿ ಹೇಳಿ, ಕೊನೆಗೆ ಅವಳ ಕೈ ಹಿಡಿದುಕೊಂಡಳು.

"ಅತ್ತೆ, ಯಾರ ಹತ್ರಾನೂ ಬಾಯಿ ಬಿಡ್ಬಾರ್ದು."

"ನಾನೇನು ಊರೆಲ್ಲ ಮಾತಾಡ್ಕೊಂಡು ತಿರುಗೋಳಾ? ಒಬ್ಬ ನರಮನುಷ್ಯನ ಹತ್ರಾನೂ ಹೇಳಲ್ಲ. ಆಯ್ತಾ?"

ಅವಳು ಮಾತಿಗೆ ತಪ್ಪುವವಳಲ್ಲ. ಆ ಧೈರ್ಯದ ಮೇಲೆ ಏಡಾ ಒಂದು ವಾರ ನಿದ್ದೆ ಮಾಡಿದಳು.

ಮರುವಾರದ ಗುರುವಾರ ಅಂಗಡಿಯಲ್ಲಿ ಹಿಟ್ಟು ಕಟ್ಟಿಸಿಕೊಳ್ಳುತ್ತಿದ್ದಾಗ, ಪಕ್ಕದ ಬೀದಿಯ ಫ್ಯಾನಿ ಗ್ರಿಮ್‌ಶಾ ಅವಳ ತೋಳು ಮುಟ್ಟಿ ಮೆಲ್ಲಗೆ ಕೇಳಿದಳು: "ಜಾಬೆಜನ ಮೊಣಕಾಲು ಹೇಗಿದೆಯಮ್ಮ? ಪಾಪ, ನಿನ್ನೆ ಸಭೇಲಿ ನಾವೆಲ್ಲ ಅದಕ್ಕೆ ಪ್ರಾರ್ಥನೆ ಮಾಡಿದ್ವಿ."

ಏಡಾ ಹಿಟ್ಟನ್ನು ಅಲ್ಲೇ ಬಿಟ್ಟು ಮನೆಗೆ ಓಡಿದಳು. ಕೆಜಾಯಾ ಹಿತ್ತಲಲ್ಲಿ ಮೆಟ್ಟಿಲ ಕಲ್ಲು ಉಜ್ಜುತ್ತಿದ್ದಳು.

"ಏನ್ ಮಾಡಿದ್ರಿ ಅತ್ತೆ ನೀವು?"

"ಏನು?"

"ಚಾಪೆಲ್ಲಲ್ಲಿ ಹೇಳಿದ್ರಂತೆ!"

"ನಾನು ಯಾವ ಮನುಷ್ಯರಿಗೂ ಹೇಳಿಲ್ಲ." ಮುದುಕಿ ನೆಟ್ಟಗೆ ನಿಂತಳು. "ದೇವರಿಗೆ ಹೇಳ್ದೆ. ಬುಧವಾರ ಎಲ್ರೂ ತಮ್ಮ ತಮ್ಮ ಕಷ್ಟ ಎದ್ದು ನಿಂತು ದೇವರಿಗೆ ಒಪ್ಪಿಸ್ತಾರೆ. ನಾನೂ ಒಪ್ಪಿಸ್ದೆ. ಮಗನ ಕಾಲಿಗಿಂತ ದೊಡ್ಡ ಕಷ್ಟ ನನಗೇನಿದೆ?"

"ದೇವರ ಜೊತೆ ನಲವತ್ತು ಜನ ಕೂತಿದ್ರಲ್ಲ ಅತ್ತೆ!"

"ಕಣ್ಣು ಮುಚ್ಕೊಂಡಿದ್ರು."

"ಕಿವೀನೂ ಮುಚ್ಕೊಂಡಿದ್ರಾ? ಬರ್ಟ್‌ವೆಲ್ ಅವರ ಹೆಂಡ್ತಿ ಬಂದಿದ್ರಾ ಇಲ್ವಾ, ಅದನ್ನ ಹೇಳಿ."

ಕೆಜಾಯಾ ಬ್ರಷ್ಷನ್ನು ನೀರಿಗೆ ಅದ್ದಿದಳು. ಬರ್ಟ್‌ವೆಲ್ ಊರಿನ ದೊಡ್ಡ ಬಟ್ಟೆ ಅಂಗಡಿಯವರು, ಚಾಪೆಲ್ಲಿನ ಮೇಲ್ವಿಚಾರಕರು, ಸಾಲದ್ದಕ್ಕೆ ರೋವರ್ಸ್ ಕ್ಲಬ್ಬಿನ ಧಣಿಗಳಲ್ಲಿ ಒಬ್ಬರು. ಅವರ ಹೆಂಡತಿ ಎರಡನೆಯ ಸಾಲಿನಲ್ಲಿ ಕೂತು, ಎಲ್ಲರಿಗಿಂತ ಗಟ್ಟಿಯಾಗಿ 'ಆಮೆನ್' ಅಂದಿದ್ದಳು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಕೆಜಾಯಾ ಆಡಿದ್ದಂತೂ ಇಡೀ ಊರಿನಲ್ಲೇ ಅತ್ಯಂತ ತಪ್ಪು ಜಾಗದಲ್ಲಿ.

ಆ ರಾತ್ರಿ ಊಟಕ್ಕೆ ಕೂತಾಗ ಎಲ್ಲರೂ ತಟ್ಟೆಯ ಆಲೂಗಡ್ಡೆಯನ್ನು ಸುಮ್ಮನೆ ಅತ್ತಿತ್ತ ಸರಿಸಿದರು. ಜಾಬೆಜ್ ತಾಯಿಯನ್ನು ಬೈಯಲೂ ಇಲ್ಲ. ಅದೇ ಏಡಾಳಿಗೆ ಹೆಚ್ಚು ಹೆದರಿಕೆ ಹುಟ್ಟಿಸಿತು.

"ಯಾರು ಏನಂದ್ರು?" ಎಂದು ಏಮಸ್ ಒಬ್ಬೊಬ್ಬರ ಮುಖವನ್ನೂ ನೋಡುತ್ತ ಕೇಳಿದ.

ಏಡಾ ಸ್ವರ ತೆಗೆಯದೆ ತುಟಿ ಮಾತ್ರ ಅಗಲವಾಗಿ ಆಡಿಸಿ ಹೇಳಿದಳು. ಗಿರಣಿಯವರ ಮಾತೇ ಹಾಗೆ. ಮಗ್ಗದ ಸದ್ದಿನಲ್ಲಿ ಕಿವಿಗೆ ಕೆಲಸವಿಲ್ಲ, ತುಟಿ ನೋಡಿಯೇ ತಿಳಿದುಕೊಳ್ಳಬೇಕು. ಮದುವೆಗೆ ಮುಂಚೆ ಅವಳೂ ನಾಲ್ಕು ಮಗ್ಗ ನೋಡಿಕೊಳ್ಳುತ್ತಿದ್ದವಳು.

"ಓಹೋ," ಎಂದ ಮುದುಕ. "ಹಾಗಾದ್ರೆ ನಮ್ಮನೆಯವಳು ಮಗನ್ನ ಸ್ವರ್ಗದ ತಂಡಕ್ಕೆ ಸೇರಿಸ್ಬಿಟ್ಳು ಅನ್ನು. ಅಲ್ಲಿ ಸಂಬಳ ಎಷ್ಟಂತೆ?"

"ಬಾಯಿ ಮುಚ್ಕೊಂಡು ತಿನ್ರಿ," ಎಂದಳು ಕೆಜಾಯಾ. ಅವಳ ಕಣ್ಣು ತುಂಬಿತ್ತು.

ಆಮೇಲಿನ ದಿನಗಳು ಮುಳ್ಳಿನ ಮೇಲೆ ನಡೆದ ಹಾಗೆ ಕಳೆದವು. ಬೀದಿಯಲ್ಲಿ ಬೂಟಿನ ಸದ್ದಾದರೆ ಏಡಾ ಕಿಟಕಿಗೆ ಓಡುತ್ತಿದ್ದಳು. ಕ್ಲಬ್ಬಿನಿಂದ ಒಂದು ಮಾತೂ ಬರಲಿಲ್ಲ. ಜಾಬೆಜ್ ಆಡಿದ, ಕುಂಟದೆ ಮನೆಗೆ ಬಂದ, ಬಾಗಿಲು ಹಾಕಿಕೊಂಡ ಮೇಲೆ ಕುಂಟಿದ.

ಈಸ್ಟರ್ ಆದ ಮೇಲೆ ಒಂದು ಮಧ್ಯಾಹ್ನ ಬರ್ಟ್‌ವೆಲ್ ಅವರೇ ಬಂದರು. ಕೈಯಲ್ಲಿ ಹೆಂಡತಿ ಕೊಟ್ಟ ಮುರಬ್ಬದ ಜಾಡಿ. ಮುಂದಿನ ಕೋಣೆಯಲ್ಲಿ, ಹಬ್ಬಕ್ಕೆ ಬಿಟ್ಟರೆ ಯಾರೂ ಕೂರದ ಕುರ್ಚಿಯ ಮೇಲೆ ಕೂತರು. ಜಾಬೆಜ್ ನಿಂತೇ ಇದ್ದ.

"ಕೆಜಾಯಾ," ಎಂದರು ಅವರು ಬಹಳ ಮೃದುವಾಗಿ. "ಆ ಕಾಲಿನ ವಿಷಯ ದೇವರಿಗೆ ಮುಟ್ಟಿದೆ. ಇನ್ನು ಮೇಲೆ ಅದನ್ನ ಮನಸ್ಸಿನಲ್ಲೇ ಪ್ರಾರ್ಥನೆ ಮಾಡು. ಸಭೇಲಿ ಬೇಡ. ಉಳಿದೋರಿಗೂ ಹಾಗೇ ಹೇಳಿದೀನಿ."

ಏಡಾ ಕೇಳಿದಳು, "ನಮ್ಮನ್ನ ತೆಗೀತೀರಾ ಯಜಮಾನ್ರೇ?"

"ತೆಗೆದ್ರೆ ಕ್ಲಬ್ಬಿಗೂ ನಷ್ಟ, ನಿಮಗೂ ನಷ್ಟ. ಬೆಟ್ಟದ ಆಚೆ ಯಾರ್ಕ್‌ಶೈರಿನ ಕ್ಲಬ್ಬೊಂದು ಬಲಗಡೆ ಆಡೋನನ್ನ ಹುಡುಕ್ತಾ ಇದೆ. ಜಾಬೆಜನ ಹೆಸರು ಕೇಳಿದಾರೆ. ಅವರು ನಮಗೆ ಒಳ್ಳೇ ಬೆಲೆ ಕೊಡ್ತಾರೆ. ನಿನಗೆ ಪೂರ್ತಿ ಒಂದು ವರ್ಷದ ಸಂಬಳ, ಇರೋಕೆ ಮನೆ. ಆಟದ ಕಾಲ ಮುಗಿದ ಮೇಲೆ ಎರಡು ವಾರ ಸುಮ್ನೆ ಕೂತ್ಕೋ, ಊತ ಇಳಿಯುತ್ತೆ. ಅವರ ಡಾಕ್ಟ್ರು ಎದೆ ತಟ್ಟಿ ನೋಡ್ತಾರೆ, ಹಲ್ಲು ನೋಡ್ತಾರೆ, ಅಷ್ಟೇ."

"ಅವರು ಬೇಡ ಅಂದ್ರೆ?" ಎಂದ ಜಾಬೆಜ್.

"ನಾವು ಬಿಟ್ಟುಕೊಡದೆ ನೀನು ಬೇರೆಲ್ಲೂ ಆಡೋ ಹಾಗಿಲ್ಲ. ನಿಯಮ ನಿನಗೆ ಗೊತ್ತು. ಆ ಕಾಲಿಗೆ ನಾವು ಸಂಬಳ ಕೊಡೋಕೂ ಆಗಲ್ಲ. ಮನೆ ಮೇ ಕೊನೆಯವರೆಗೆ ಇಟ್ಕೊಳ್ಳಿ." ಅವರು ಎದ್ದು ಟೋಪಿ ಹಾಕಿಕೊಂಡರು. "ಆ ಮಾತು ಬರೋದು ಬೇಡ ಅಂತಾನೇ ನಾನು ಬಂದದ್ದು."

ಅವರು ಹೋದ ಮೇಲೆ ಜಾಬೆಜ್ ಅಂದ: "ಇದು ಮೋಸ, ಏಡಾ."

"ನಿನ್ನನ್ನ ಕುದುರೆ ಹಾಗೆ ಸಂತೇಲಿ ನಿಲ್ಲಿಸಿ ಮಾರ್ತಾರಲ್ಲ, ಅದೇನು?"

"ಕುದುರೆಗೆ ಮಾತು ಬರಲ್ಲ. ನನಗೆ ಬರುತ್ತೆ."

"ಹಾಗಾದ್ರೆ ಒಂದು ದಿನ ಕುದುರೆಯಾಗಿರು. ನಾಲ್ಕು ಹೊಟ್ಟೆ ಇದೆ ಈ ಮನೇಲಿ. ನಾನು ಗಿರಣಿಗೆ ಹೋಗ್ತೀನಿ ಅಂದ್ರೆ ಬೇಡ ಅಂತೀಯ. ಬಟಾಣಿ ಮಾರ್ತೀಯಾ?"

ಹೆಂಡತಿಯ ಮಾತು ಕಹಿಯಾಗಿತ್ತು, ಅದು ಅವಳಿಗೂ ಗೊತ್ತಿತ್ತು. ಆದರೆ ಹೆದರಿದವರ ಬಾಯಲ್ಲಿ ಸಿಹಿ ಎಲ್ಲಿಂದ ಬರಬೇಕು?

ಮೇ ತಿಂಗಳಲ್ಲಿ ಯಾರ್ಕ್‌ಶೈರಿನ ಆ ಕ್ಲಬ್ಬಿನ ಧಣಿ ಹಾಲ್‌ರಾಯ್ಡ್ ಎಂಬವರು ಮಂಗಳವಾರ ಸಂಜೆ ಚಹಾಕ್ಕೆ ಬರುತ್ತಾರೆಂದು ಗೊತ್ತಾಯಿತು. ಕಾಲಿನ ಊತ ನಿಜಕ್ಕೂ ಇಳಿದಿತ್ತು. ಈಗ ಉಳಿದ ಭಯ ಒಂದೇ, ಕೆಜಾಯಾ. ಹುಟ್ಟಿದಾಗಿನಿಂದ ಒಂದು ಸುಳ್ಳೂ ಆಡಿದವಳಲ್ಲ. ಹಾಲ್‌ರಾಯ್ಡ್ ತಪ್ಪಿ "ಮಗ ಹೇಗಿದಾನಮ್ಮ?" ಎಂದು ಕೇಳಿದರೆ ಮುಗಿಯಿತು. ಏಡಾ ಗಂಡನ ಕಿವಿಯಲ್ಲಿ, ಅತ್ತೆಯನ್ನು ಆ ದಿನ ಅವಳ ತಂಗಿಯ ಮನೆಗೆ ಕಳಿಸೋಣ ಎಂದಳು. ಇಸ್ತ್ರಿ ಮಾಡುತ್ತಿದ್ದ ಮುದುಕಿ ಪೆಟ್ಟಿಗೆಯನ್ನು ಟಪ್ಪೆಂದು ಕೆಳಗಿಟ್ಟಳು.

"ನಾನು ಇಲ್ಲೇ ಇದೀನಿ. ನಾನೂ ಒಂದು ಕಾಲಕ್ಕೆ ಮಗ್ಗದ ಮುಂದೆ ನಿಂತವಳೇ, ನಿಮ್ಮ ತುಟಿ ಓದೋಕೆ ನನಗೂ ಬರುತ್ತೆ."

"ಅತ್ತೆ, ಅದು ಹಾಗಲ್ಲ..."

"ಕೇಳು ಹುಡುಗಿ. ಅವರು ಕೇಳಿದ್ರೆ ನಾನು ಸುಳ್ಳು ಹೇಳಲ್ಲ. ಕೇಳದೆ ಇದ್ರೆ ನಾನಾಗಿ ಏನೂ ಹೇಳಲ್ಲ. ಅದಕ್ಕಿಂತ ಹೆಚ್ಚಿಗೆ ನನ್ನಿಂದ ಆಗಲ್ಲ."

ಅದಕ್ಕಿಂತ ಹೆಚ್ಚಿಗೆ ಕೇಳುವ ಧೈರ್ಯ ಏಡಾಳಿಗೂ ಇರಲಿಲ್ಲ. ಕೆಜಾಯಾಳಿಗೆ ಮಾತೇ ಸಿಗದ ಹಾಗೆ ನೋಡಿಕೊಳ್ಳಬೇಕು ಎಂದು ಏಮಸ್‌ನಿಗೆ ಕೆಲಸ ಒಪ್ಪಿಸಲಾಯಿತು. "ಮಾತಾಡ್ತಾನೇ ಇರ್ಬೇಕಾ?" ಎಂದ ಮುದುಕ. "ಮದುವೆ ಆದಾಗಿಂದ ಕಾಯ್ತಾ ಇದ್ದೆ ಕಣಮ್ಮ ಈ ಅಪ್ಪಣೆಗೆ."

ಮಂಗಳವಾರ ಹಂದಿಯ ತೊಡೆಮಾಂಸ, ಡಬ್ಬಿ ಮೀನು, ಬೆಣ್ಣೆ ಬ್ರೆಡ್ಡು, ಸೋಂಪು ಹಾಕಿದ ಕೇಕು, ಮನೆಯ ಒಳ್ಳೆಯ ಪಿಂಗಾಣಿ ಎಲ್ಲ ಮೇಜಿಗೆ ಬಂತು. ಬರ್ಟ್‌ವೆಲ್ ಜೊತೆಗೆ ಬಂದ ಹಾಲ್‌ರಾಯ್ಡ್ ಎತ್ತರದ, ಬಿಳಿ ಮೀಸೆಯ ಮನುಷ್ಯ. ಕುದುರೆ ದಲ್ಲಾಳಿಯಂಥವನನ್ನು ನಿರೀಕ್ಷಿಸಿದ್ದ ಏಡಾ ಅವರ ಸೌಮ್ಯ ಕಣ್ಣು ಕಂಡು, ಮುಖ ತಪ್ಪಿಸಿ ಅವರ ಟೋಪಿ ತೆಗೆದುಕೊಂಡಳು. ಹಿತ್ತಲ ಓಣಿಯಲ್ಲಿ ಜಾಬೆಜ್ ಆ ತುದಿಯಿಂದ ಈ ತುದಿಗೆ ಓಡಿ ತೋರಿಸಿದ, ಗೋಡೆಗೆ ಚೆಂಡು ಒದ್ದು ತೋರಿಸಿದ. ನೇರ ಓಟ, ನೇರ ಒದೆತ. ಹಾಲ್‌ರಾಯ್ಡ್ ತಲೆಯಾಡಿಸಿದರು.

ಮೇಜಿನಲ್ಲಿ ಏಮಸ್ ಕೊಟ್ಟ ಕೆಲಸವನ್ನು ಚೆನ್ನಾಗಿಯೇ ಮಾಡಿದ. ಪಾರಿವಾಳದ ಪಂದ್ಯ, ಗಿರಣಿಯ ಮುಷ್ಕರ, ಹಳೆಯ ಚಳಿಗಾಲಗಳು, ಅವನ ಬಾಯಿಗೆ ಬಿಡುವಿರಲಿಲ್ಲ. ಹಾಲ್‌ರಾಯ್ಡ್ ಎರಡು ಸಲ ಕೆಜಾಯಾಳ ಕಡೆ ತಿರುಗಿದರು, ಎರಡು ಸಲವೂ ಮುದುಕ ಅಡ್ಡ ಬಂದ. ಕೆಜಾಯಾ ಚಹಾ ಬಗ್ಗಿಸುತ್ತಿದ್ದಳು, ತಟ್ಟೆ ತುಂಬಿಸುತ್ತಿದ್ದಳು, ತುಟಿ ಎರಡು ಮಾಡಲಿಲ್ಲ.

ಕೊನೆಗೆ ಬರ್ಟ್‌ವೆಲ್ ಕೋಟಿನೊಳಗಿಂದ ಕಾಗದ ತೆಗೆದು ಮೇಜಿನ ಮೇಲೆ ಹರಡಿದರು. ಏಡಾ ಶಾಯಿ, ಲೇಖನಿ ತಂದಿಟ್ಟಳು. ಹಾಲ್‌ರಾಯ್ಡ್ ಲೇಖನಿ ಎತ್ತಿಕೊಂಡವರು ಮತ್ತೆ ಇಟ್ಟರು.

"ಕೆಜಾಯಾ ಅಮ್ಮ, ನಾನೂ ಚಾಪೆಲ್ಲಿನೋನೇ. ನಮ್ಮೂರಲ್ಲಿ ಭಾನುವಾರ ಉಪದೇಶಾನೂ ಮಾಡ್ತೀನಿ. ನಿಮ್ಮದು ಪ್ರಾರ್ಥನೆ ತಪ್ಪದ ಮನೆ ಅಂತ ಬರ್ಟ್‌ವೆಲ್ ಅವರು ದಾರೀಲಿ ಹೇಳಿದ್ರು. ಹುಡುಗನ್ನ ಊರು ಬಿಡಿಸಿ ಕರ್ಕೊಂಡು ಹೋಗೋ ಮುಂಚೆ ಎಲ್ರೂ ಸೇರಿ ಒಂದು ಪ್ರಾರ್ಥನೆ ಮಾಡೋಣ. ನೀವೇ ನಡೆಸಿಕೊಡಿ."

ಹಾಗೆಂದು ಅವರು ತಮ್ಮ ಕುರ್ಚಿಯನ್ನು ಹಿಂದಕ್ಕೆ ತಿರುಗಿಸಿದರು.

ಬರ್ಟ್‌ವೆಲ್ ಅವರ ಮುಖ ಬಿಳುಚಿಕೊಂಡಿತು. ಮನೆಯನ್ನು ಹೊಗಳಿ ಮಾಲಿನ ಬೆಲೆ ಏರಿಸಹೋದ ವ್ಯಾಪಾರಿ ತಮ್ಮ ಮಾತಿಗೆ ತಾವೇ ಸಿಕ್ಕಿಬಿದ್ದಿದ್ದರು. ಅಭ್ಯಾಸಬಲದಿಂದ ಅವರ ಒಂದು ಕಾಲು ಆಗಲೇ ಅರ್ಧ ಬಗ್ಗಿತ್ತು. ಏಮಸ್ ಏನೂ ಕೇಳಿಸದೆ, ಕುರ್ಚಿ ತಿರುಗಿದ್ದನ್ನು ಮಾತ್ರ ಕಂಡು, ಆಗಲೇ ನೆಲಕ್ಕೆ ಮೊಣಕಾಲೂರಿ ಕಣ್ಣು ಮುಚ್ಚಿಕೊಂಡುಬಿಟ್ಟಿದ್ದ. ಜಾಬೆಜ್ ಮೇಜಿನ ಅಂಚು ಹಿಡಿದು ನಿಂತಿದ್ದ. ಬಗ್ಗಿದರೆ ಕಾಲು ಕಚ್ಚಿಕೊಳ್ಳುತ್ತದೆ, ಏಳಲಾಗುವುದಿಲ್ಲ. ಬಗ್ಗದಿದ್ದರೆ ಯಾಕೆಂದು ಕೇಳುತ್ತಾರೆ, ಆ ಪ್ರಶ್ನೆ ನೇರ ಅವನ ತಾಯಿಯ ಹತ್ತಿರ ಹೋಗುತ್ತದೆ.

ಏಡಾ ಹಾಲ್‌ರಾಯ್ಡ್ ಅವರ ಬೆನ್ನ ಹಿಂದಿನಿಂದ ಅತ್ತೆಯನ್ನು ನೋಡಿದಳು. ಸ್ವರವಿಲ್ಲದೆ ತುಟಿ ಆಡಿಸಿದಳು: ಅತ್ತೆ, ಕೈ ಮುಗೀತೀನಿ.

ಕೆಜಾಯಾ ಅವಳ ತುಟಿ ನೋಡಿದಳು. ಮಗನ ಕಾಲು ನೋಡಿದಳು. ಆಮೇಲೆ ಅತಿಥಿಯ ಕಡೆ ತಿರುಗಿದಳು.

"ನಮ್ಮ ಮನೇಲಿ ಮೊಣಕಾಲೂರಲ್ಲ ಯಜಮಾನ್ರೇ," ಎಂದಳು. "ನಿಂತ್ಕೊಂಡೇ ಪ್ರಾರ್ಥನೆ ಮಾಡೋದು. ಮೊದಲಿಂದಾನೂ ಹಾಗೇ."

ಬರ್ಟ್‌ವೆಲ್ ಬಗ್ಗಿದ ಕಾಲನ್ನು ಮೆಲ್ಲಗೆ ನೆಟ್ಟಗೆ ಮಾಡಿಕೊಂಡರು. ಪ್ರತಿ ಬುಧವಾರ ಇದೇ ಮುದುಕಿ ಚಾಪೆಲ್ಲಿನ ಬರಿಯ ಹಲಗೆಯ ಮೇಲೆ ಮೊಣಕಾಲೂರುವುದನ್ನು ಅವರ ಕಣ್ಣು ಕಂಡಿತ್ತು. ಅವರು ಶಾಯಿ ಬಾಟಲಿಯನ್ನೇ ನೋಡುತ್ತ ನಿಂತರು.

ಹಾಲ್‌ರಾಯ್ಡ್ ಅವರ ನೋಟ ನೆಲದ ಮೇಲಿದ್ದ ಏಮಸ್‌ನ ಕಡೆ ಹೋಯಿತು. ಏಡಾ ಥಟ್ಟನೆ ಹೇಳಿದಳು, "ಮಾವನಿಗೆ ಬಹಳ ಹೊತ್ತು ನಿಲ್ಲೋಕೆ ಆಗಲ್ಲ, ವಯಸ್ಸಾಯ್ತು."

"ಇರ್ಲಿ, ಇರ್ಲಿ. ಒಂದೊಂದು ಮನೆಗೆ ಒಂದೊಂದು ಪದ್ಧತಿ," ಎಂದು ಹಾಲ್‌ರಾಯ್ಡ್ ಕುರ್ಚಿ ಸರಿಸಿ, ತಲೆ ಬಗ್ಗಿಸಿ ನಿಂತರು.

ಎಲ್ಲರೂ ಕಾದರು. ಕೆಜಾಯಾಳ ಪ್ರಾರ್ಥನೆಯೆಂದರೆ ಸಾರು ಆರಿ ತಣ್ಣಗಾಗುವಷ್ಟು ಉದ್ದ ಎಂದು ಬೀದಿಯೆಲ್ಲ ನಗುತ್ತಿತ್ತು. ಅವತ್ತು ಅವಳು ಎರಡು ಕೈಯಲ್ಲಿ ಏಪ್ರನ್ ಹಿಂಡುತ್ತ ನಿಂತಳು. ಕೊನೆಗೆ ಒಡೆದ ಸ್ವರದಲ್ಲಿ, "ತಂದೆಯೇ, ಈ ಮನೇಲಿ ಇರೋರನ್ನೆಲ್ಲ ಕ್ಷಮಿಸು. ಮೊದಲು ನನ್ನನ್ನ ಕ್ಷಮಿಸು," ಎಂದಳು. ಆಮೆನ್ ಅನ್ನಲಿಲ್ಲ. ಬರ್ಟ್‌ವೆಲ್ ಅಂದರು.

ಹಾಲ್‌ರಾಯ್ಡ್ ಕಣ್ಣು ಒರೆಸಿಕೊಂಡರು. "ಇವತ್ತು ಬೆಳಿಗ್ಗೆ ನಮ್ಮ ಡಾಕ್ಟ್ರು ಕಾಲೂ ಒಂದು ಸಲ ನೋಡ್ಬೇಕು ಅಂತಿದ್ರು," ಎಂದರು ಸಹಿ ಹಾಕುತ್ತ. "ಬೇಡ ಅಂತೀನಿ. ಇಂಥ ತಾಯಿ ಹೀಗೆ ಪ್ರಾರ್ಥನೆ ಮಾಡೋ ಮನೆ ಹುಡುಗನ್ನ ಪರೀಕ್ಷೆ ಮಾಡೋಕೆ ನಾನು ಯಾರು?"

ಜಾಬೆಜ್ ಸಹಿ ಹಾಕಿದ. ಅವನ ಕಿವಿ ಕೆಂಪಗಾಗಿತ್ತು, ತಲೆ ಎತ್ತಲಿಲ್ಲ. ದೊಡ್ಡವರು ಕೈ ಕುಲುಕಿ, ಕೇಕು ಚೆನ್ನಾಗಿತ್ತೆಂದು ಹೇಳಿ ಹೊರಟರು. ಏಡಾ ಬಾಗಿಲವರೆಗೆ ಹೋಗಿ ಕಳಿಸಿ ಬಂದಳು. ಒಂದು ವರ್ಷದ ಅನ್ನ ಮೇಜಿನ ಮೇಲೆ ಒದ್ದೆ ಶಾಯಿಯಲ್ಲಿ ಬಿದ್ದಿತ್ತು. ಸಂತೋಷಪಡಬೇಕೆಂದು ಅವಳು ತನಗೆ ತಾನೇ ಹೇಳಿಕೊಂಡಳು, ಆದರೆ ಸಂತೋಷ ಬರಲಿಲ್ಲ.

ಒಳಗೆ ಏಮಸ್ ಕುರ್ಚಿ ಹಿಡಿದು ಎದ್ದು, "ಮುಗೀತಾ? ಇಷ್ಟು ಬೇಗ?" ಎಂದು ಕೇಳುತ್ತಿದ್ದ.

ಕೆಜಾಯಾ ಎಂಜಲು ತಟ್ಟೆಗಳಿದ್ದ ಮೇಜನ್ನು ದಾಟಿ ಒಲೆಯ ಮುಂದೆ ಹೋಗಿ, ಚಾಪೆಯನ್ನು ಕಾಲಲ್ಲಿ ಪಕ್ಕಕ್ಕೆ ಸರಿಸಿ, ಬರಿಯ ಕಲ್ಲಿನ ಮೇಲೆ ಮೊಣಕಾಲೂರಿದಳು. ಹಣೆ ನೆಲಕ್ಕೆ ಮುಟ್ಟುವಷ್ಟು ಬಗ್ಗಿದಳು. ಅವಳ ಬೆನ್ನು ಮಾತ್ರ ಅಲುಗುತ್ತಿತ್ತು.

"ಅಮ್ಮ," ಎಂದ ಜಾಬೆಜ್. "ಅಮ್ಮ, ಏಳು. ಕಲ್ಲು ತಣ್ಣಗಿದೆ."

"ನೀನೂ ಬಾ," ಎಂದಳು ಅವಳು, ತಲೆ ಎತ್ತದೆ.

ಅವನು ಒಲೆಯ ಗೂಡಿನ ಅಂಚು ಹಿಡಿದು ಬಗ್ಗಲು ನೋಡಿದ. ಅರ್ಧಕ್ಕೆ ಹಲ್ಲು ಕಚ್ಚಿ ನಿಂತುಬಿಟ್ಟ.

ಏಡಾ ಏಪ್ರನ್ ಬಿಚ್ಚಿ ಕುರ್ಚಿಯ ಮೇಲೆ ಹಾಕಿದಳು. ಹೋಗಿ ಅತ್ತೆಯ ಪಕ್ಕದಲ್ಲಿ ಮೊಣಕಾಲೂರಿದಳು. ಜಾಬೆಜ್ ಅವರಿಬ್ಬರ ಹಿಂದೆ ನಿಂತೇ ಇದ್ದ.